ಸೋಮವಾರದ ನೀರು

ವಿರುಪಾಕ್ಷಪ್ಪ ಶ್ಯಾಣ್ಯಾ ಮನಶಾ ಅಂತ ಸದಲಗಾದಾಗ ಹೆಸರಿತ್ತು. ಹೆಸರು ಬಂದಿದ್ದೂ ಸುಮ್ಮನ ಅಲ್ಲ. ಊರಾಗ ಮುದುಕರು ಒಬ್ಬರ ಹಿಂದ ಒಬ್ಬರು ಇದ್ದದ್ದೆಲ್ಲಾ ಮಕ್ಕಳ ಹೆಸರಿಗೆ ಹಚ್ಚಿ, ಆಮ್ಯಾಲ ಕಟ್ಟೀ ಮ್ಯಾಲ ಕುಂತು ಒಳಗಿಂದ ಚಹಾ ಬರ್ತೈತೇನು ಅಂತ ಬಾಗಲಾ ನೋಡೂದನ್ನ ಅಂವ ಕಣ್ಣಾರೆ ಕಂಡಿದ್ದ. ಕೊಟ್ಟಾವ ಕೋಡಂಗಿ, ಇಸಕೊಂಡಾವ ಈರಭದ್ರ. ಅದಕ್ಕ ತನ್ನ ಇಬ್ಬರ ಮಕ್ಕಳಿಗೆ ವಾಟ್ನಿ ಮಾಡಿ ಹೊಲಾ ಹಂಚೂ ಹೊತ್ತಿನ್ಯಾಗ ಒಂದು ಎಕರೆ ತನಗಂತ ತಗದಿಟ್ಟ. ಗಂಡಾ ಹೆಂಡ್ತಿ ಇಬ್ಬರೂ ಹಯಾತ ಇರೂತನಕ ಅದು ಅವರ ಪೋಟಗಿ, ಅಂದ್ರ ಹೊಟ್ಟೀಗಂತ ಇಟ್ಟ ಹೊಲ. ಅವರು ಹೋದ ಮ್ಯಾಲ ಮಕ್ಕಳಿಗೆ ಅರ್ಧಾ ಅರ್ಧಾ. ಎಲ್ಲಾ ಚಿಕ್ಕೋಡಿಗಿ ಹೋಗಿ, ಸಾಕ್ಷಿ ಸಮೇತ ಕಾಗದದ ಮ್ಯಾಲ ಬರಸಿದ್ದಾತು.

ಕಾಗದಾ ಬರಿಯೂ ಹುಡುಗ ಒಂದು ಮಾತು ಕೇಳಿದ್ದ.

"ಅಜ್ಜಾರ, ಬಾವಿ ನೀರಿನ ಪಾಳಿ ನಿಮಗೂ ಒಂದು ಬರೀಲೇನ್ರಿ?"

"ಅಪ್ಪಗ ನೀರು ಕೊಡಾಕ ಮಕ್ಕಳಿಗೆ ಕಾಗದಾ ಬೇಕೇನೋ ತಮ್ಮಾ?" ಅಂದ ವಿರುಪಾಕ್ಷಪ್ಪ. "ಹಾದೀಲೆ ಹೋಗಾವ ಕೇಳಿದ್ರೂ ಇಲ್ಲ ಅನ್ನಂಗಿಲ್ಲ ನಾವು."

ಸಾಕ್ಷಿಗೆ ಬಂದಾವ್ರು ನಕ್ಕರು. ಹಿಂದ ಸೆರಗು ಹೊಚ್ಕೊಂಡು ನಿಂತಿದ್ದ ಗಿರಿಜವ್ವನೂ ನಕ್ಕಳು. ಹಿರೇ ಮಗ ಬಾಬಾಸಾಹೇಬನೂ ನಕ್ಕ, ಸಣ್ಣಾಂವ ಮುರಗೆಪ್ಪನೂ ನಕ್ಕ. ಬಾವಿ, ಮೋಟಾರ ಇಬ್ಬರಿಗೂ ಕೂಡಿ ಬಂದುವು. ವಾರದಾಗ ಮೂರ ದಿನಾ ಒಬ್ಬಂದು, ಮೂರ ದಿನಾ ಇನ್ನೊಬ್ಬಂದು. ಅಪ್ಪನ ಎಕರೆಕ ಯಾರ ಪಾಳಿಯೊಳಗರ ಒಂದೀಟು ನೀರು ಹಾಯಿಸಿದ್ರಾತು, ಅದೇನು ದೊಡ್ಡ ಮಾತು ಅಂದ್ರು. ಆ ನಗಿ ಗಿರಿಜವ್ವ ಮುಂದ ಮರೀಲಿಲ್ಲ.

ಮೊದಲ ವರ್ಷ ನೀರು ಬಂತು. ಎಕರೆದಾಗ ಅರ್ಧಾ ಕಬ್ಬು, ಅರ್ಧಾ ಜ್ವಾಳಾ, ಬದುವಿನ ಗುಂಟ ನಾಕು ಬದನಿ ಗಿಡಾ, ಮೆಣಸಿನ ಗಿಡಾ. ಮನಿ ಹಿಂದಿನ ಕೋಣ್ಯಾಗ ಮುದುಕ್ರದು ಬ್ಯಾರೆ ಒಲಿ. ಗಿರಿಜವ್ವ ರೊಟ್ಟಿ ಬಡಿಯೂ ಸಪ್ಪಳಕ್ಕ ಮೊಮ್ಮಕ್ಕಳು ಓಡಿ ಬರ್ತಿದ್ದವು. ತನ್ನ ಹಿಟ್ಟು, ತನ್ನ ರೊಟ್ಟಿ, ತನ್ನ ಕೈಲೆ ಹಾಕೂದು. ಹಿಂತಾ ಸುಖ ಆಕಿ ಅತ್ತಿ ಕೈಕೆಳಗ ಇದ್ದಾಗೂ ಕಂಡಿದ್ದಿಲ್ಲ.

ಮುಂದಿನ ಬ್ಯಾಸಿಗಿಗೆ ಕರೆಂಟಿನ ಕಾಟ ಸುರು ಆತು. ಹಗಲು ಬಂದ್ರ ರಾತ್ರಿ ಇಲ್ಲ, ರಾತ್ರಿ ಬಂದ್ರ ಹಗಲಿಲ್ಲ. ಮಕ್ಕಳ ಕಬ್ಬಿಗೇ ನೀರು ಸಾಲವಲ್ದು. ಮುದುಕ್ರ ಎಕರೆ ನಾಳೆ, ನಾಡದ, ಬರೂ ವಾರ ಅಂತ ಹಿಂದ ಬಿತ್ತು.

ಬಾಬಾಸಾಹೇಬ ಊಟಕ್ಕ ಕುಂತಾಗ ಗಿರಿಜವ್ವ ಹೋಗಿ ಬಾಗಲದಾಗ ನಿಂತಳು.

"ಬಾಬೂ, ಕಬ್ಬಿನ ಎಲಿ ಸುತ್ಕೋಳಾಕತ್ತಾವ. ಇವತ್ತರ ಒಂದು ತಾಸು ನೀರು ಬಿಡಪಾ."

"ನನ್ನ ಕಡೀ ಸಾಲಿಗೆ ನೀರು ಮುಟ್ಟೂದ್ರಾಗ ಪಾಳಿ ಮುಗದ ಹೋಗ್ತೈತಿ ಅವ್ವಾ. ತಮ್ಮಗ ಕೇಳು."

"ತಮ್ಮಗ ಕೇಳಿದ್ರ ಅಣ್ಣಗ ಕೇಳು ಅಂತಾನ."

"ಹಂಗಾದ್ರ ನಾ ಏನ ಮಾಡ್ಲಿ? ನನ್ನ ಕಬ್ಬು ಒಣಗಿಸಿ ನಿಮ್ಮದಕ್ಕ ಹಾಕ್ಲ್ಯಾ?"

ಸೊಸಿ ಶಿವಗಂಗವ್ವ ಗಂಡಗ ಮಜ್ಜಿಗಿ ಹಾಕಿ ಹೊಳ್ಳಿ ನೋಡಿದ್ಲು. "ಅತ್ತೀ, ಜ್ವಾಳಾ ಬೇಕಾಗಿದ್ರ ಒಯ್ಯಿರಿ. ನಾ ಎಂದರ ಇಲ್ಲ ಅಂದೀನೇನ್ರಿ?"

ಇಲ್ಲ ಅಂದಿದ್ದಿಲ್ಲ, ಸುಳ್ಳ್ಯಾಕ ಹೇಳೂದು. ಎರಡು ಸೇರು ಕೊಡಾಕಿ. ಕೊಟ್ಟು ಮರುದಿನ ಹಿಟ್ಟಿನ ಗಿರಣಿ ಮುಂದ ನಿಂತು ಓಣಿಗೆಲ್ಲಾ ಸಾರಾಕಿ. "ನಮ್ಮ ಅತ್ತೀಗೆ ಎಕರೆ ಹೊಲಾ ಐತ್ರೆವ್ವಾ, ಆದ್ರೂ ನಮ್ಮ ಜ್ವಾಳಾನ ಬೇಕು." ಆ ಜ್ವಾಳದ ರೊಟ್ಟಿ ಗಿರಿಜವ್ವಗ ಗಂಟಲದಾಗ ಇಳೀತಿದ್ದಿಲ್ಲ.

ಮುರಗೆಪ್ಪ ಮಾತಿನಾಗ ಮೆತ್ತಗ. ಆದ್ರ ಮೆತ್ತನ್ನ ಮಾತಿಲೆ ಕಬ್ಬು ಬೆಳೀತೈತೇನು?

"ಅವ್ವಾ, ಬಾವಿ ಇರೂದು ಅಣ್ಣನ ಹೊಲದಾಗ. ಹಿರೇಮಗಾ ಅಂವ. ಅಂವ ಬಿಡೂದಕ್ಕಿಂತ ಮೊದಲ ನಾ ಬಿಟ್ರ ನನ್ನ ಹೆಂಡ್ತಿ ನನಗ ಹುಚ್ಚಾ ಅಂತಾಳ."

"ಈಗೇನು ಶ್ಯಾಣ್ಯಾ ಅನ್ನಾಕತ್ತಾಳೇನು?"

ಮುರಗೆಪ್ಪ ನಕ್ಕು ಚಪ್ಪಲಿ ಮೆಟ್ಕೊಂಡು ಹೋದ.

ಹಂಗಂತ ಆ ಹುಡುಗ್ರು ರಾಕ್ಷಸರೇನಲ್ಲ. ಅವ್ವಗ ಜ್ವರಾ ಬಂದ್ರ ಡಾಕ್ಟರ ಕಡೆ ಕರಕೊಂಡು ಹೋಗಾವ್ರು. ಹಬ್ಬಕ್ಕ ಸೀರಿ ತರಾವ್ರು. ಎಲ್ಲಾ ಕೊಡ್ತಿದ್ರು, ಕೇಳಿದ ಮ್ಯಾಲ. ಗಿರಿಜವ್ವಗ ಬೇಕಾಗಿದ್ದು ಒಂದ. ಸಾಯೂತನಕ ಯಾರ ಒಲಿ ಮುಂದೂ ಹೋಗಿ ಸೆರಗು ಒಡ್ಡಬಾರ್ದು. ಅದಕ್ಕ ಆ ಎಕರೆ ಹಸರ ಇರಬೇಕು, ಅಷ್ಟ.

ಒಂದು ಸಂಜಿಕಿ ಆಕಿಗೇ ಒಂದು ಉಪಾಯ ಹೊಳೀತು. ಗಂಡನ ತಾಟಿಗೆ ಝುಣಕಾ ಹಾಕ್ಕೋತ ಸಾವಕಾಶ ಮಾತು ತಗದ್ಲು.

"ನೋಡ್ರಿ, ವಾರದಾಗ ಒಂದು ದಿನಾ ಮೋಟಾರ ಸುಮ್ಮನ ಇರ್ತೈತಿ."

ವಿರುಪಾಕ್ಷಪ್ಪನ ಕೈ ನಿಂತಿತು. "ಸೋಮವಾರಾ?"

"ಹೌದು. ಅದು ಯಾರ ಪಾಳೀನೂ ಅಲ್ಲ. ಅದನ್ನ ನಾವು ತಗೊಂಡ್ರ ಯಾರಿಗೂ ತ್ರಾಸಿಲ್ಲ."

ಸೋಮವಾರ ಬಸವಣ್ಣನ ವಾರ. ಅವತ್ತ ಎತ್ತಿನ ಹೆಗಲ ಮ್ಯಾಲ ನೊಗಾ ಇಡೂದಿಲ್ಲ. ಎತ್ತು ಕಟ್ಟಿ ಬಾವೀಲಿಂದ ನೀರು ಎಳೀತಿದ್ದ ಕಾಲದಾಗ ಎತ್ತಿನ ಕೂಡ ಬಾವಿನೂ ಸೋಮವಾರ ವಿಶ್ರಾಂತಿ ತಗೋತಿತ್ತು. ಮೋಟಾರ ಬಂದ ಮ್ಯಾಲ ಊರ ಮಂದಿ ಮೋಟಾರಿಗೆಲ್ಲಿ ಹೆಗಲೈತಿ ಅಂತ ಸೋಮವಾರನೂ ಗುಂಡಿ ಒತ್ತಾಕ ಹತ್ತಿದ್ರು. ವಿರುಪಾಕ್ಷಪ್ಪ ಮಾತ್ರ ಒತ್ತಲಿಲ್ಲ. ಅವರಪ್ಪ ಸಾಯೂ ಮುಂದ ಇವನ ಕೈ ಹಿಡದು, ನಮ್ಮ ಬಾವಿಗೆ ಸೋಮವಾರ ಕೈ ಹಚ್ಚಬ್ಯಾಡ ಅಂದಿದ್ದ. ಇಂವ ಹೂಂ ಅಂದಿದ್ದ. ಮಕ್ಕಳಿಗೂ ಅದನ್ನ ಕಲಿಸಿದ್ದ.

"ಒಬ್ಬರಿಗೆ ಮಾತು ಕೊಟ್ಟೀನಿ ಗಿರಿಜಾ."

"ಮಕ್ಕಳೂ ನಿಮಗ ಮಾತು ಕೊಟ್ಟಿದ್ರು."

"ಅವ್ರು ತಪ್ಪಿದ್ರಂತ ನಾನೂ ತಪ್ಪಲ್ಯಾ?"

"ತಪ್ಪಬ್ಯಾಡ್ರಿ. ಹಸ್ಕೊಂಡು ಕುಂಡ್ರೂನು."

ಮುದುಕ ತಾಟು ಸರಿಸಿ ಎದ್ದ. ಗಿರಿಜವ್ವ ಅದ ತಾಟಿನಾಗ ಉಳದದ್ದು ತಿಂದ್ಲು, ಚೆಲ್ಲೂವಷ್ಟು ಮನ್ಯಾಗ ಇರಲಿಲ್ಲ.

ಕಬ್ಬು ಮೊಣಕಾಲಮಟ ಬಂದು ಅಲ್ಲೇ ನಿಂತಿತು. ಜ್ವಾಳಾ ತೆನಿ ಹಿಡೀಲಿಲ್ಲ. ಬದನಿ ಗಿಡಕ್ಕ ಆಕಿ ಕೊಡಾ ಹೊತ್ತು ನೀರು ಹಾಕಿದ್ಲು. ಸೊಂಟಾ ಹಿಡೀತು. ಪಕ್ಕದ ಹೊಲದ ತವನಪ್ಪ ಇದನ್ನೆಲ್ಲಾ ನೋಡಿದ್ದ. ಜೈನರಾಂವ, ಹೊತ್ತು ಮುಳುಗೂದ್ರಾಗ ಊಟಾ ಮುಗಿಸಿ ಬದುವಿಗೆ ಬಂದು ಕುಂಡ್ರಾಂವ.

"ಗಿರಿಜಕ್ಕಾ, ಹಡದಾವ್ರಿಗೆ ಮಕ್ಕಳು ಹಾಕಲಿಲ್ಲಂದ್ರ ಹಾಕಸಾಕ ಕಾಯ್ದೆ ಐತಿ. ಚಿಕ್ಕೋಡ್ಯಾಗ ನಮ್ಮ ಪರಿಚಯದ ವಕೀಲರು ಅದಾರ. ಬರೀ ಕೇಳಿ ಬಾ, ಕೇಳಾಕೇನು ಹೋಗ್ತೈತಿ?"

"ಮಂದಿ ಏನಂದಾರು?"

"ಮಂದಿ ಈಗೇನು ಸುಮ್ಮನದಾರೇನು?"

ಗಿರಿಜವ್ವ ಗಂಡಗ ಹೇಳೇ ಹೋದಳು. ಮುದುಕ ಗ್ವಾಡಿ ಕಡೆ ಮಾರಿ ಮಾಡಿ ಮಲಗಿದ್ದ. ಹೋಗು ಅನ್ನಲಿಲ್ಲ, ಬ್ಯಾಡ ಅನ್ನಲಿಲ್ಲ.

ವಕೀಲರು ಕಾಗದಾ ಪೂರ್ತಿ ಓದಿ ಕನ್ನಡಕಾ ತಗದು ಮೇಜಿನ ಮ್ಯಾಲ ಇಟ್ರು.

"ಬಾಯಾರ, ಪೋಟಗಿ ದಾವಾ ಹಾಕಬಹುದು. ಆದ್ರ ಎದುರಿನಾವ್ರು ಏನಂತಾರ ಗೊತ್ತೈತೇನ್ರಿ? ಈ ಮುದುಕ್ರ ಹೆಸರಿಗೆ ಒಂದು ಎಕರೆ ಬಾಗಾಯತ ಐತಿ, ಇವ್ರು ಬಡವ್ರಲ್ಲ ಅಂತಾರ. ಹೊಲದ ಉತಾರದಾಗ, ಪಹಣ್ಯಾಗ ಬಾವಿ ನೀರಿನ ಜಮೀನಂತ ಬರದೈತಿ."

"ನೀರು ಬರೂದಿಲ್ಲಲ್ರಿ."

"ಬರೂದಿಲ್ಲ ಅಂತ ಕಾಗದದಾಗ ಇಲ್ಲಲ್ರಿ. ನೀರಿನ ಹಕ್ಕಿಗೆ ಬ್ಯಾರೇ ದಾವಾ ಆಗ್ತೈತಿ, ಬ್ಯಾರೇ ಕೋರ್ಟು. ಅದು ಮುಗಿಯೂದ್ರಾಗ..." ಗಿರಿಜವ್ವಗ ತನ್ನ ವಯಸ್ಸು ನೆನಪಿತ್ತು.

ಹಿಂತಾದೊಂದು ಚಮತ್ಕಾರ ನೋಡ್ರಿ. ಪೂರಾ ಹೊಲಾ ಕೊಟ್ಟು ಭಿಕಾರಿ ಆಗಿದ್ರ ಕಾಯ್ದೆ ಕೈ ಹಿಡೀತಿತ್ತು. ಶ್ಯಾಣ್ಯಾತನ ಮಾಡಿ ಎಕರೆ ಇಟ್ಕೊಂಡಿದ್ದಕ್ಕ ಆ ಎಕರೇನ ಅಡ್ಡ ಬಂತು. ಗಿರಿಜವ್ವ ಕಾಗದಾ ವಕೀಲರ ಮುಂದ ಸರಿಸಿ, "ಹಾಕ್ರಿ ಸಾಹೇಬ್ರ. ಪೋಟಗೀದ ಹಾಕ್ರಿ. ಅವ್ರು ಒಮ್ಮೆ ಕೋರ್ಟಿನ ಮೆಟ್ಲಾ ಹತ್ತಲಿ" ಅಂದ್ಲು. ಅವ್ರು ತೋರಿಸಿದಲ್ಲಿ ಹೆಬ್ಬಟ್ಟು ಒತ್ತಿದ್ಲು.

ಕೋರ್ಟಿನ ನೋಟೀಸು ಬಂದದ್ದು ಮಧ್ಯಾಹ್ನ ಊಟದ ಹೊತ್ತಿಗೆ. ಬಾಬಾಸಾಹೇಬ ಕೈ ತೊಳೀದನ ಹಿಂದಿನ ಕೋಣಿಗೆ ಬಂದ. ಹಿಂದ ಮುರಗೆಪ್ಪ, ಅವನ ಹಿಂದ ಶಿವಗಂಗವ್ವ.

"ಅವ್ವಾ, ಏನಿದು? ನಾವು ನಿನಗ ಉಪವಾಸಾ ಕೆಡವೀವೇನು?"

"ನೀರು ಕೇಳಿದ್ನಿ."

"ನೀರು ಕೇಳಿ ಕೋರ್ಟಿಗೆ ಹೋಗ್ತಾರೇನು? ಸಾಕರಿ ಕಾರಖಾನ್ಯಾಗ, ಸೊಸಾಯ್ಟ್ಯಾಗ ನಾ ಮಾರಿ ಹ್ಯಾಂಗ ತೋರಸ್ಲಿ?"

"ನಾ ನಿಮ್ಮ ಅಡಗಿಮನಿ ಬಾಗಲದಾಗ ಹ್ಯಾಂಗ ತೋರಸ್ತಿದ್ನೋ ಹಂಗ ತೋರಸು."

"ನಾ ಕೊಟ್ಟ ಜ್ವಾಳಾ ಎಷ್ಟ್ರಿ ಅತ್ತೀ?" ಅಂದ್ಲು ಶಿವಗಂಗವ್ವ. ಆಕಿ ಕಣ್ಣಾಗ ಖರೇನ ನೀರಿತ್ತು. "ಒಂದು ಸಲಾ ಇಲ್ಲ ಅಂದಿದ್ರ ನನ್ನ ನಾಲಿಗಿ ಬಿದ್ದ ಹೋಗ್ಲಿ."

"ಇಲ್ಲ ಅಂದಿಲ್ಲವಾ ನೀ. ಊರಿಗೆಲ್ಲಾ ಹೌದು ಅಂದಿ."

ಮುರಗೆಪ್ಪ ಅಪ್ಪನ ಕಡೆ ಹೊಳ್ಳಿದ. "ಅಪ್ಪಾ, ನೀ ಏನಂತಿ?"

ವಿರುಪಾಕ್ಷಪ್ಪ ಹಾಸಿಗಿ ಮ್ಯಾಲ ಎದ್ದು ಕುಂತ. "ನಾ ಏನ ಅನ್ಲ್ಯೋ? ನನಗ ಅನ್ನಾಕ ಏನ ಉಳದೈತಿ?" ಅಂದು ಮತ್ತ ಮಲಗಿದ. ಅವತ್ತಿಂದ ಶಿವಗಂಗವ್ವನ ಮನೀಲಿಂದ ಮಜ್ಜಿಗಿ ನಿಂತಿತು. ಮೊಮ್ಮಕ್ಕಳು ಬರೂದೂ ನಿಂತಿತು. ಗಿರಿಜವ್ವ ರೊಟ್ಟಿ ಬಡಿಯೂ ಮುಂದ ಬಾಗಲಾ ನೋಡೂದು ಮಾತ್ರ ಬಿಡಲಿಲ್ಲ.

ಕೋರ್ಟಿನ ದಿನ ತಾಯಿ ಮಕ್ಕಳು ಒಂದ ಬಸ್ಸಿನಾಗ ಹೋದರು. ಬ್ಯಾರೇ ಬಸ್ಸ ಇದ್ದಿದ್ದಿಲ್ಲ. ಮುರಗೆಪ್ಪ ಎದ್ದು ಅವ್ವಗ ಸೀಟು ಬಿಟ್ಟ. ಆಕಿ ಕುಂತಳು.

ವಕೀಲರು ಏನ ಹೇಳ್ಬೇಕಂತ ಪಾಠ ಮಾಡಿಸಿದ್ರು. ಮಕ್ಕಳು ಊಟಕ್ಕ ಹಾಕೂದಿಲ್ಲ ಅನ್ರಿ, ಅಷ್ಟ ಸಾಕು, ಹೆಚ್ಚ ಮಾತಾಡಬ್ಯಾಡ್ರಿ ಅಂದಿದ್ರು. ಜಡ್ಜ ಸಾಹೇಬ್ರು ಮೈಸೂರ ಕಡೆಯಾವ್ರು, ವಯಸ್ಸಿನ್ನೂ ಸಣ್ಣದು.

"ಏನಮ್ಮಾ, ನಿಮ್ಮ ಮಕ್ಕಳು ನಿಮಗೆ ಊಟ ಹಾಕೋದಿಲ್ವಾ?"

ಗಿರಿಜವ್ವ ಆಚಿ ಕಡೆ ನಿಂತ ಇಬ್ಬರನ್ನೂ ನೋಡಿದ್ಲು. ಬಾಬಾಸಾಹೇಬನ ಅಂಗಿ ಗುಂಡಿ ಒಂದು ಹರದಿತ್ತು. ಎಲ್ಲಾರ ಮುಂದ ಅವಗ ತಲಿ ತಗ್ಗಿಸಾಕ ಹಚ್ಚೂ ಮಾತು ಆಕಿ ನಾಲಿಗಿ ಮ್ಯಾಲಿತ್ತು. ಆದ್ರ ಸುಳ್ಳು ಹೊರಡಲಿಲ್ಲ.

"ಹಾಕ್ತಾರ್ರಿ."

ವಕೀಲರು ಹಣಿ ಒತ್ತಿಕೊಂಡ್ರು.

"ಕೇಳಿದ್ರ ಹಾಕ್ತಾರ್ರಿ ಸಾಹೇಬ್ರ. ನನಗ ಕೇಳೂದು ಬ್ಯಾಸರ ಆಗೇತ್ರಿ. ಅವ್ರ ಊಟಾ ಬ್ಯಾಡ್ರಿ. ನಮ್ಮ ಹೊಲಕ್ಕ ನೀರು ಕೊಡಸ್ರಿ, ನಾನ ಮಾಡ್ಕೊಂಡು ತಿಂತೀನಿ."

"ನೀರಿನ ವಿಚಾರ ಈ ಕೋರ್ಟಿಗೆ ಬರೋದಿಲ್ಲಮ್ಮಾ," ಅಂದ್ರು ಸಾಹೇಬ್ರು. ಅವರ ದನಿಯಾಗ ಸಿಟ್ಟಿರಲಿಲ್ಲ. ಎರಡೂ ಕಡೆ ವಕೀಲರನ್ನ ನೋಡಿ, "ಹೊರಗೆ ಕೂತು ಮಾತಾಡಿ ನೋಡಿ. ತಾಯಿ ಮಕ್ಕಳ ವಿಷಯ," ಅಂದ್ರು.

ಹೊರಗ ಬೇವಿನ ಗಿಡದ ಕೆಳಗ ಚಹಾ ತರಿಸಿದ್ರು. ಮಕ್ಕಳ ವಕೀಲ ಪಾಳೀ ಲೆಕ್ಕಾ ಕೇಳಿ, "ಸೋಮವಾರ ಯಾರದೂ ಇಲ್ಲಲ್ಲ, ಅದನ್ನ ತಾಯೀಗೆ ಬರದು ಕೊಡ್ರಿ, ಮುಗೀತು" ಅಂದ. ಮುರಗೆಪ್ಪ ಅಣ್ಣನ ಮಾರಿ ನೋಡಿದ. ಬಾಬಾಸಾಹೇಬ ಒಂದು ಗುಟುಕು ಚಹಾ ಕುಡದು, "ಬರಕೊಳ್ರಿ" ಅಂದ. ಅಪ್ಪ ಸೋಮವಾರ ಬಾವಿಗೆ ಕೈ ಹಚ್ಚೂದಿಲ್ಲಂತ ಅವಗ ಗೊತ್ತಿತ್ತು. ಗಿರಿಜವ್ವಗೂ ಗೊತ್ತಿತ್ತು. ಆದ್ರೂ ಹೆಬ್ಬಟ್ಟು ಒತ್ತಿದ್ಲು. ಕೇಳದನ ಸಿಗೂ ನೀರು ಅದೊಂದ ಇತ್ತು.

ಮನಿಗೆ ಬಂದು ವಿರುಪಾಕ್ಷಪ್ಪಗ ಎಲ್ಲಾ ಹೇಳಿದ್ಲು.

"ನನ್ನ ದೇವರನ್ನ ನನಗ ಅಡ್ಡ ನಿಲ್ಲಿಸ್ಯಾರ ನೋಡು ನನ್ನ ಮಕ್ಕಳು," ಅಂದ. "ನೀ ಹೋಗು. ನಾ ತಡಿಯಂಗಿಲ್ಲ. ನನಗ ಮಾತ್ರ ಕರೀಬ್ಯಾಡ."

ಸೋಮವಾರ ಮುಂಜಾನೆ ಅಂಗಳಾ ಸಾರಿಸಿ, ರೊಟ್ಟಿ ಮಾಡಿಟ್ಟು, ಗಿರಿಜವ್ವ ಒಬ್ಬಾಕಿನ ಹೊಲಕ್ಕ ಹೋದ್ಲು. ಬಾವಿಗೆ ಕೈ ಮುಗದ್ಲು. "ಬಸವಣ್ಣಾ, ಹೊಟ್ಟೀ ಸಲುವಾಗಿ," ಅಂದು ಮೋಟಾರಿನ ಗುಂಡಿ ಒತ್ತಿದ್ಲು. ನೀರು ದಬದಬ ತೊಟ್ಟಿಗೆ ಬಿದ್ದು ಕಾಲಿವಿ ಹಿಡದು ಹೊಂಟಿತು. ಆಕಿ ಅದರ ಕೂಡ ನಡದ್ಲು. ಮೊದಲ ತಿರುವು ದಾಟಿದ ಮ್ಯಾಲ ನೀರು ನಿಂತಿತು. ಮುಂದ ಕಾಲಿವಿ ಇರಲಿಲ್ಲ.

ಬಾಬಾಸಾಹೇಬನ ಹೊಲದಾಗ ಹಾದು ಎಕರೆ ಮುಟ್ಟೂ ಕಾಲಿವಿ, ಈಕಿ ಮದಿವ್ಯಾಗಿ ಬಂದಾಗಿಂದ ಅಲ್ಲೇ ಇದ್ದದ್ದು, ಹೊಸಾ ಸಾಲಿನಾಗ ಮುಚ್ಚಿ ಹೋಗಿತ್ತು. ಟ್ರ್ಯಾಕ್ಟರಿನ ಗುರುತು ಇನ್ನೂ ಹಸೀನ ಇತ್ತು.

ಬಾಬಾಸಾಹೇಬ ಬದುವಿನ ಮ್ಯಾಲ ನಿಂತಿದ್ದ. ಅವನ ಮಾರ್ಯಾಗೂ ನಿದ್ದಿ ಇಲ್ಲದ ಕಳಿ.

"ಅವ್ವಾ, ನೀರು ಬರದು ಕೊಟ್ಟೀನಿ. ಬ್ಯಾಡ ಅನ್ನಂಗಿಲ್ಲ. ಕಾಗದದಾಗ ಕಾಲಿವಿ ಬರದಿಲ್ಲ."

ಗಿರಿಜವ್ವ ಮುಚ್ಚಿದ ಸಾಲಿನ ಮುಂದ ಕುಂತ ಬಿಟ್ಟಳು. ಮತ್ತ ಚಿಕ್ಕೋಡಿ, ಮತ್ತ ಬಸ್ಸು, ಮತ್ತ ಬೇವಿನ ಗಿಡದ ಕೆಳಗ ಚಹಾ. ಕಾಲಿವಿ ಬರಿಸಿದ್ರ ಬದು ಬರದಿಲ್ಲ ಅಂತಾನ. ಬದು ಬರಿಸಿದ್ರ ಬದುವಿನ ಮ್ಯಾಲ ನಡಿಯೂದು ಬರದಿಲ್ಲ ಅಂತಾನ. ಹಡದ ಮಗನ ಕೂಡ ಬದುಕೂದನ್ನ ಎಷ್ಟಂತ ಬರಸೂದು? ಹಿಂದ ನೀರು ದಂಡಿ ಮೀರಿ ಹಾಳಾಗಿ ಹರಿಯಾಕತ್ತಿತ್ತು.

ಸಲಿಕಿ ಮಣ್ಣಾಗ ಇಳಿಯೂ ಸಪ್ಪಳ ಕೇಳಿ ಹೊಳ್ಳಿ ನೋಡಿದ್ಲು. ವಿರುಪಾಕ್ಷಪ್ಪ ಧೋತರಾ ಮ್ಯಾಲಕ್ಕ ಸಿಗಿಸಿ ಮಗನ ಹೊಲದಾಗ ನಿಂತಿದ್ದ. ಹಳೇ ಕಾಲಿವಿ ಎಲ್ಲಿತ್ತಂತ ಅವಗ ಯಾರೂ ತೋರಸ್ಬೇಕಾಗಿದ್ದಿಲ್ಲ.

"ಅಪ್ಪಾ, ಇವತ್ತ ಸೋಮವಾರ," ಅಂದ ಬಾಬಾಸಾಹೇಬ.

"ಗೊತ್ತೈತಿ."

"ಅಪ್ಪಾ, ಇದು ನನ್ನ ಹೊಲಾ."

"ಹೌದಪಾ, ನಿಂದ. ನಾನ ಬರದು ಕೊಟ್ಟೀನಿ." ಮುದುಕ ತಲಿ ಎತ್ತಲಿಲ್ಲ. ಮಣ್ಣು ಎತ್ತಿ ಮಗ್ಗಲಕ್ಕ ಹಾಕಿದ. "ಆ ಕಾಗದಾ ತಗೊಂಡು ಚಿಕ್ಕೋಡಿಗಿ ಹೋಗು. ಜಡ್ಜ ಸಾಹೇಬ್ರ ಮುಂದ ನಿಂತು, ನಮ್ಮಪ್ಪ ನನ್ನ ಹೊಲಾ ಅಗದಾನ ಅಂತ ಹೇಳು. ನಾ ಬಂದು ಹೌದ್ರಿ, ಅಗದೀನಿ ಅಂತೀನಿ. ಸುಳ್ಳ ಹೇಳಂಗಿಲ್ಲ."

ಬಾಬಾಸಾಹೇಬ ಹೋಗಲಿಲ್ಲ. ಮುಂದ ಬಂದು ಸಲಿಕೀನೂ ಹಿಡೀಲಿಲ್ಲ. ನಿಂತಲ್ಲೇ ನಿಂತು ಅಪ್ಪನ ಬೆನ್ನು ನೋಡಿದ.

ಮುದುಕ ನಾಕು ಸಲಿಕಿ ಹಾಕಿ ಒಮ್ಮೆ ನಿಲ್ಲಾಂವ, ದಮ್ಮು ತಗೊಂಡು ಮತ್ತ ಹಾಕಾಂವ. ಗಿರಿಜವ್ವ ಕೆಸರಾಗ ಇಳದು ಎರಡೂ ಕೈಲೆ ಮಣ್ಣು ಸರಸಾಕ ಹತ್ತಿದ್ಲು. ನೀರು ಅವರ ಕಾಲಾಗಿಂದನ ಮುಂದ ಮುಂದ ಬಂತು. ಎಕರೆದ ಒಣಾ ಸಾಲಿಗೆ ಇಳದಾಗ ಭೂಮಿ ಚೊಂಯ್ ಅಂದಿತು. ಇಬ್ಬರೂ ಬದುವಿನ ಮ್ಯಾಲ ಕುಂತರು. ಅವನ ಅಂಗೈಯಾಗ ಬೊಕ್ಕಿ ಎದ್ದಿದ್ದವು.

"ಬರೂ ವಾರ ಮತ್ತ ಮುಚ್ಚತಾನೇನ್ರಿ?" ಅಂದ್ಲು ಗಿರಿಜವ್ವ.

"ಮುಚ್ಚಬಹುದು."

"ಮತ್ತ?"

"ಮತ್ತ ಅಗೀತೀನಿ."

ನಿಮ್ಮ ಕೈಲೆ ಇನ್ನೆಷ್ಟು ಸೋಮವಾರ ಆಗ್ತೈತ್ರಿ ಅಂತ ಆಕಿ ಕೇಳಬೇಕಂದ್ಲು. ಕೇಳಲಿಲ್ಲ. ಅವನ ಕೈ ತನ್ನ ತೊಡೀ ಮ್ಯಾಲ ತಗೊಂಡು, ಅಂಗೈಗೆ ಹತ್ತಿದ ಮಣ್ಣು ಸೆರಗಿಲೆ ಒರಸಿದ್ಲು. ಆಕಿಗಿ ಅಳು ಬಂದಿತ್ತು, ಅಂವಗೂ ಬಂದಿತ್ತು. ಆಚಿ ಬದುವಿನ ಮ್ಯಾಲ ಮಗ ಇನ್ನೂ ನಿಂತ ಇದ್ದ.